ತೆರೆಯ ಮೇಲೆ ಬಂದ ಗಾಡಿ

ಕಡಲಿನ ಮೇಲೆ ಒಂದು ಕುದುರೆಗಾಡಿ ಬರುತ್ತದೆ. ಚಕ್ರ ಮುಳುಗುವುದಿಲ್ಲ, ನೀರು ಸಿಡಿಯುವುದಿಲ್ಲ, ಗಾಡಿಯ ಮೈಯೊಳಗಿಂದಲೇ ಅಲೆಗಳು ಕಾಣುತ್ತವೆ. ಮುಸುಕು ಹೊದ್ದವನು ಇಳಿದು ನೀರಿನಡಿಗೆ ಹೋಗುತ್ತಾನೆ, ಮುಳುಗಿ ಸತ್ತವನನ್ನು ಒಯ್ಯಲು. 1921ರ ಜನವರಿ 1ರಂದು ಬಿಡುಗಡೆಯಾದ ಸ್ವೀಡನ್ನಿನ ಮೂಕಿ ಚಿತ್ರ ‘ದಿ ಫ್ಯಾಂಟಮ್ ಕ್ಯಾರೇಜ್’ನ ಈ ದೃಶ್ಯವನ್ನು, ನನ್ನಲ್ಲಿ ಛಾಯಾಗ್ರಹಣ ಕಲಿಯಲು ಬಂದವರಿಗೆ ಮೊದಲ ವಾರವೇ ತೋರಿಸುತ್ತೇನೆ.

ವರ್ಷದ ಕೊನೆಯ ರಾತ್ರಿ ಹನ್ನೆರಡು ಹೊಡೆಯುವಾಗ ಸತ್ತವನು ಮುಂದಿನ ಇಡೀ ವರ್ಷ ಸಾವಿನ ಗಾಡಿ ಹೊಡೆಯಬೇಕು ಎಂಬ ನಂಬಿಕೆಯೇ ಕಥೆಯ ಬೇರು. ಫ್ರಾನ್ಸಿನ ಬ್ರಿಟನಿಯ ಜನಪದದಲ್ಲೂ ಇಂಥದೇ ‘ಆಂಕು’ ಇದ್ದಾನೆ. ನಮ್ಮ ಯಮನ ಕೋಣಕ್ಕೆ ಸವಾರ ಬದಲಾಗುವುದಿಲ್ಲ, ಇಲ್ಲಿ ವರ್ಷಕ್ಕೊಬ್ಬ. ಸೆಲ್ಮಾ ಲಾಗರ್ಲಾಫ್ 1912ರಲ್ಲಿ ಇದನ್ನು ಕಾದಂಬರಿಯಾಗಿಸಿದರು. ವಿಕ್ಟರ್ ಶೋಸ್ಟ್ರೋಮ್ ಚಿತ್ರ ನಿರ್ದೇಶಿಸಿ, ಕುಡುಕ ಡೇವಿಡ್ ಹೋಮ್‌ನ ಪಾತ್ರವನ್ನೂ ತಾವೇ ಮಾಡಿದರು.

ಛಾಯಾಗ್ರಾಹಕ ಜೂಲಿಯಸ್ ಯಾನ್ಸನ್ ಈ ದೆವ್ವಗಳನ್ನು ಕ್ಯಾಮೆರಾದೊಳಗೇ ಹುಟ್ಟಿಸಿದರು. ಮೊದಲು ಕೋಣೆಯನ್ನು ಚಿತ್ರಿಸಬೇಕು. ಆಮೇಲೆ ಫಿಲ್ಮನ್ನು ಹಿಂದಕ್ಕೆ ಸುತ್ತಿ, ಅದೇ ಫ್ರೇಮಿನಿಂದ, ಕಪ್ಪು ಹಿನ್ನೆಲೆಯಲ್ಲಿ ದೆವ್ವವನ್ನಷ್ಟೇ ಚಿತ್ರಿಸಬೇಕು. ಕಪ್ಪು ಹಿನ್ನೆಲೆ ಫಿಲ್ಮಿನ ಮೇಲೆ ಏನನ್ನೂ ಮೂಡಿಸದು, ಹಾಗಾಗಿ ಹಳೆಯ ಕೋಣೆ ಹಾಗೇ ಉಳಿದು ಅದರ ಮೇಲೆ ದೆವ್ವ ತೆಳುವಾಗಿ ಕೂರುತ್ತದೆ. ಅದು ಕುರ್ಚಿಯ ಹಿಂದೆ ಹಾಯಬೇಕೆಂದರೆ, ಎರಡನೇ ಸಲ ಆ ಕುರ್ಚಿಯ ಜಾಗವೂ ಕಪ್ಪಾಗಿರಬೇಕು. ಕೆಲವು ಶಾಟ್‌ಗಳಲ್ಲಿ ಒಂದೇ ನೆಗೆಟಿವ್ ನಾಲ್ಕು ಸಲ ಬೆಳಕು ಕಂಡಿದೆ. ಒಂದು ಸಲ ತಪ್ಪಿದರೂ ಹಿಂದಿನ ಮೂರೂ ಹೋದಂತೆ. ಕ್ಯಾಮೆರಾ ಓಡುತ್ತಿದ್ದದ್ದೂ ಕೈಯಿಂದಲೇ: ಸೆಕೆಂಡಿಗೆ ಎರಡು ಸುತ್ತು, ಸುತ್ತಿಗೆ ಎಂಟು ಫ್ರೇಮು, ಇದು ಅಂದಿನ ರೂಢಿ. ನಾನು ಕಲಿಯುತ್ತಿದ್ದಾಗ 16 ಎಂಎಂ ಕ್ಯಾಮೆರಾದಲ್ಲಿ ಇದನ್ನೇ ಪ್ರಯತ್ನಿಸಿದ್ದೆ. ಟ್ರೈಪಾಡ್ ಕೂದಲೆಳೆಯಷ್ಟು ಸರಿದಿತ್ತು. ಲ್ಯಾಬಿನಿಂದ ಬಂದ ರೀಲಿನಲ್ಲಿ ದೆವ್ವ ನೆಲ ಬಿಟ್ಟು ಪಕ್ಕಕ್ಕೆ ಜಾರುತ್ತಿತ್ತು. ಯಾನ್ಸನ್‌ರ ದೆವ್ವಗಳ ಕಾಲು ನೆಲದ ಮೇಲೇ ಇರುತ್ತದೆ. ಅದನ್ನು ಕಂಡಾಗಲೆಲ್ಲ ನನಗೆ ಕೈಮುಗಿಯಬೇಕೆನಿಸುತ್ತದೆ.

ಇಷ್ಟು ಕಷ್ಟಪಟ್ಟು ತಂದ ದೆವ್ವ ಯಾರನ್ನೂ ಬೆಚ್ಚಿಬೀಳಿಸುವುದಿಲ್ಲ. ಗಾಡಿ ಹೊಡೆಯುವವನು ದಣಿದ ಕೂಲಿಯಾಳಿನಂತೆ ತನ್ನ ಪಾಲಿನ ಕೆಲಸ ಮಾಡುತ್ತಾನೆ. ಮೈ ನಡುಗಿಸುವವನು ಜೀವಂತ ಹೋಮ್. ಹೆಂಡತಿ ಅವನನ್ನು ಒಳಗೆ ಹಾಕಿ ಅಗುಳಿ ಜಡಿದಾಗ, ಅವನು ಕೊಡಲಿಯಿಂದ ಬಾಗಿಲು ಸೀಳುತ್ತಾನೆ. ಅಲ್ಲಿ ಯಾವ ಚಮತ್ಕಾರವೂ ಇಲ್ಲ: ಮರ, ಕೊಡಲಿ, ಅತ್ತ ಬದಿಯಲ್ಲಿ ಹೆಂಡತಿ ಮಕ್ಕಳು. ಜನಪದ ಕಥೆಯ ಕತ್ತಲೆಯನ್ನು ಶೋಸ್ಟ್ರೋಮ್ ಸ್ಮಶಾನದಿಂದ ಮನೆಯೊಳಗೆ ತಂದದ್ದು ಈ ಬಾಗಿಲಿನಿಂದಲೇ ಎಂದು ನಾನು ನಂಬಿದ್ದೇನೆ.

ನೋಡುವವರು ಪ್ರತಿಯ ವೇಗವನ್ನು ಗಮನಿಸಿ. ಸೆಕೆಂಡಿಗೆ 16 ಫ್ರೇಮಿನಂತೆ ತೆಗೆದದ್ದನ್ನು 24ರಲ್ಲಿ ಓಡಿಸಿದರೆ ವೇಗ ಒಂದೂವರೆ ಪಟ್ಟಾಗುತ್ತದೆ, ಗಾಡಿ ಹೊಡೆಯುವವನು ಬಸ್ಸು ಹಿಡಿಯಲು ಹೊರಟವನಂತೆ ಕಾಣುತ್ತಾನೆ. ಸರಿಯಾದ ವೇಗದ ಪ್ರತಿಯನ್ನೇ ಹುಡುಕಿ, ಕೋಣೆಯ ದೀಪ ಆರಿಸಿ ನೋಡಿ.