ಸಿಲ್ವರ್ಟನ್ ನಿಲ್ದಾಣಕ್ಕೆ ರೈಲು ಬರುವುದು ನಿಂತದ್ದು ಏಕೆ?

ಆಸ್ಟ್ರೇಲಿಯಾದ ನ್ಯೂ ಸೌತ್ ವೇಲ್ಸ್ ರಾಜ್ಯದ ಪಶ್ಚಿಮ ಅಂಚಿನಲ್ಲಿ, ಬ್ರೋಕನ್ ಹಿಲ್‌ನಿಂದ ಸುಮಾರು 25 ಕಿ.ಮೀ. ದೂರದಲ್ಲಿ ಸಿಲ್ವರ್ಟನ್ ಇದೆ. ಈ ಊರಿಗೆ ರೈಲು ಬಂದದ್ದು 1888ರ ಜನವರಿಯಲ್ಲಿ, ನಿಂತದ್ದು 1970ರ ಜನವರಿಯಲ್ಲಿ. ಆದರೆ ಊರು ಸೊರಗಿದ್ದು ರೈಲು ನಿಂತ ಮೇಲಲ್ಲ, ಬಂದ ಹೊಸತರಲ್ಲೇ.

1880ರ ದಶಕದ ಮೊದಲ ವರ್ಷಗಳಲ್ಲಿ ಸುತ್ತಮುತ್ತ ಬೆಳ್ಳಿಯ ಅದಿರು ಸಿಕ್ಕಿ, ಸಿಲ್ವರ್ಟನ್‌ನಲ್ಲಿ ಸುಮಾರು 3,000 ಜನ ನೆಲೆಸಿದರು. ಅದಿರಿಗೆ ಬೇಕಾದ ಬಂದರು ಹತ್ತಿರವಿದ್ದದ್ದು ಪಕ್ಕದ ಸೌತ್ ಆಸ್ಟ್ರೇಲಿಯಾದಲ್ಲಿ. ಸ್ವಂತ ರಾಜ್ಯದ ಸಿಡ್ನಿ ಸಾವಿರ ಕಿ.ಮೀ.ಗೂ ಆಚೆ. ಸೌತ್ ಆಸ್ಟ್ರೇಲಿಯಾ ತನ್ನ ಹಳಿಯನ್ನು ಗಡಿಯ ಕಾಕ್‌ಬರ್ನ್‌ವರೆಗೆ ತರಲು ಹೊರಟಿತು. ಗಡಿ ದಾಟಲು ನ್ಯೂ ಸೌತ್ ವೇಲ್ಸ್ ಬಿಡಲಿಲ್ಲ, ತಾನೂ ಹಳಿ ಹಾಕಲಿಲ್ಲ. ಕೊನೆಗೆ 1886ರ ಕಾಯ್ದೆಯ ಮೂಲಕ ಸಿಲ್ವರ್ಟನ್ ಟ್ರಾಮ್‌ವೇ ಎಂಬ ಖಾಸಗಿ ಕಂಪನಿಗೆ ಅನುಮತಿ ಸಿಕ್ಕಿತು. ಹೆಸರು ಟ್ರಾಮ್‌ವೇ ಆದರೂ ಅದು ಪೂರ್ಣಪ್ರಮಾಣದ ಉಗಿರೈಲು: 58 ಕಿ.ಮೀ. ಉದ್ದ, 1067 ಮಿ.ಮೀ. ಗೇಜ್ (ಎರಡು ಹಳಿಗಳ ನಡುವಿನ ಅಂತರ). ನಮ್ಮ ಮೀಟರ್ ಗೇಜ್‌ಗಿಂತ 67 ಮಿ.ಮೀ. ಅಗಲ, ಅಷ್ಟೆ.

ಅಷ್ಟರಲ್ಲಿ ಸಂಪತ್ತು ಜಾಗ ಬದಲಿಸಿತ್ತು. 1883ರಲ್ಲಿ ಚಾರ್ಲ್ಸ್ ರಾಸ್ಪ್ ಬ್ರೋಕನ್ ಹಿಲ್‌ನ ಗುಡ್ಡದಲ್ಲಿ ಗಣಿಗೆ ಜಾಗ ಗುರುತು ಹಾಕಿದ್ದರು. 1885ರಲ್ಲಿ ಬಿಎಚ್‌ಪಿ (ಬ್ರೋಕನ್ ಹಿಲ್ ಪ್ರೊಪ್ರೈಟರಿ) ಗಣಿ ಕಂಪನಿ ಹುಟ್ಟಿತು. ಅಲ್ಲಿನ ಅದಿರಿನ ಮುಂದೆ ಸಿಲ್ವರ್ಟನ್‌ನ ಸಣ್ಣ ಗಣಿಗಳು ನಿಲ್ಲಲಿಲ್ಲ. ಜನ ಮನೆಗಳನ್ನೇ ಕಿತ್ತು ಬ್ರೋಕನ್ ಹಿಲ್‌ಗೆ ಸಾಗಿಸಿದರು. ಸಿಲ್ವರ್ಟನ್ ನಿಲ್ದಾಣ ನಡುದಾರಿಯ ನಿಲುಗಡೆಯಾಯಿತು.

ಹಳಿ ಮಾತ್ರ ಭಾರಿ ಲಾಭ ತಂದಿತು. ಬೆಳ್ಳಿ ಬೆರೆತ ಸೀಸದ ಅದಿರಾದ ಗೆಲೀನ ನೀರಿಗಿಂತ ಏಳೂವರೆ ಪಟ್ಟು ಭಾರ; ವ್ಯಾಗನ್ ತುಂಬುವ ಮೊದಲೇ ತೂಕದ ಮಿತಿ ಮುಟ್ಟುತ್ತದೆ. ಇಂಥ ಸರಕನ್ನು ಗಾಡಿ, ಒಂಟೆಗಳ ಮೇಲೆ ಎಷ್ಟೆಂದು ಹೊರಿಸುವುದು? ಮೊದಲು ಕೋಕ್ (ಕಲ್ಲಿದ್ದಲಿನಿಂದ ಮಾಡಿದ ಇಂಧನ) ತರಿಸಿ ಗಣಿಯ ಬಳಿಯೇ ಅದಿರು ಕರಗಿಸುತ್ತಿದ್ದರು. ಆ ಒಣನೆಲಕ್ಕೆ ಇಂಧನ ಹೊರುವುದಕ್ಕಿಂತ ಅದಿರನ್ನೇ ಬಂದರಿಗೆ ಒಯ್ಯುವುದು ಅಗ್ಗವೆಂದು ಕುಲುಮೆಗಳು ಸೌತ್ ಆಸ್ಟ್ರೇಲಿಯಾದ ಬಂದರು ಪೋರ್ಟ್ ಪಿರಿಗೆ ಹೋದವು. ಬರ ಬಿದ್ದಾಗ ಇದೇ ಹಳಿಯಲ್ಲಿ ನೀರೂ ಬಂತು.

ಸಿಲ್ವರ್ಟನ್‌ಗೆ ಉಳಿದದ್ದು ಪಿಕ್‌ನಿಕ್ ರೈಲು. 1915ರ ಜನವರಿ 1ರಂದು ಅದಿರಿನ ತೆರೆದ ವ್ಯಾಗನ್‌ಗಳಲ್ಲಿ ಬೆಂಚು ಹಾಕಿ ಸುಮಾರು 1,200 ಜನ ಹೊರಟಿದ್ದರು. ಮೊದಲ ಮಹಾಯುದ್ಧದಲ್ಲಿ ತುರ್ಕಿಯ ಪರ ನಿಂತ ಇಬ್ಬರು ಬಂದೂಕುಧಾರಿಗಳು ದಾರಿಯಲ್ಲಿ ಆ ರೈಲಿನ ಮೇಲೆ ಗುಂಡು ಹಾರಿಸಿದರು. ಅಂದಿನ ದಾಳಿಯಲ್ಲಿ ನಾಲ್ವರು ಸತ್ತರು, ದಾಳಿಕೋರರಿಬ್ಬರೂ ಸತ್ತರು.

ನ್ಯೂ ಸೌತ್ ವೇಲ್ಸ್‌ನ ಹಠದ ಬೆಲೆ 1927ರಲ್ಲಿ ಕಾಣಿಸಿತು. ಸಿಡ್ನಿಯಿಂದ 1435 ಮಿ.ಮೀ. ಹಳಿ ಬ್ರೋಕನ್ ಹಿಲ್ ಮುಟ್ಟಿತು, ಆದರೆ ಗೇಜ್ ಬೇರೆ. ಒಂದೇ ಊರಿನಲ್ಲಿ ಎರಡು ನಿಲ್ದಾಣ. ಮುಂದೆ ಸಾಗಬೇಕಾದ ಸರಕನ್ನೆಲ್ಲ ಇಳಿಸಿ ಮತ್ತೆ ತುಂಬಬೇಕು: ದುಪ್ಪಟ್ಟು ಕೂಲಿ, ವಿಳಂಬ, ಸೋರಿಕೆ. ಇದು ನಾಲ್ಕು ದಶಕ ನಡೆಯಿತು. ಸಿಡ್ನಿ–ಪರ್ತ್ ನಡುವೆ ಒಂದೇ ಗೇಜ್ ತರುವಾಗ ಹಳೆಯ ಹಳಿಯನ್ನು ಅಗಲಿಸುವ ಬದಲು ಬೇರೆ ಜಾಡು ಹಿಡಿದರು. ಅದು ಸಿಲ್ವರ್ಟನ್ ಮುಟ್ಟಲಿಲ್ಲ. 1970ರ ಫೆಬ್ರುವರಿಯಲ್ಲಿ ಸಿಡ್ನಿ–ಪರ್ತ್ ನೇರ ರೈಲಾದ ಇಂಡಿಯನ್ ಪೆಸಿಫಿಕ್ ಮೊದಲ ಬಾರಿ ಹೊರಟಾಗ ಟ್ರಾಮ್‌ವೇ ನಿಂತು ತಿಂಗಳಾಗಿತ್ತು. ಬ್ರೋಕನ್ ಹಿಲ್‌ನಲ್ಲಿ ಕಂಪನಿಯ ಸಲ್ಫೈಡ್ ಸ್ಟ್ರೀಟ್ ನಿಲ್ದಾಣ ಈಗ ವಸ್ತುಸಂಗ್ರಹಾಲಯ.