ರೋಮ್ ಬಿದ್ದದ್ದು ಸೀಸದ ಕೊಳವೆಯಿಂದಲ್ಲ

ಪ್ರಾಚೀನ ರೋಮನ್ನರ ಇತಿಹಾಸ ಮತ್ತು ಸಮಾಜವನ್ನು ಕುರಿತ ಜನಪ್ರಿಯ ಪುಸ್ತಕಗಳಲ್ಲಿ ಒಂದು ಮಾತು ಎಲ್ಲಾದರೂ ನುಸುಳಿಯೇ ಇರುತ್ತದೆ. ರೋಮನ್ನರು ಸೀಸದ ಕೊಳವೆಯಲ್ಲಿ ಬಂದ ನೀರು ಕುಡಿದರು, ಅದರಿಂದ ಅವರ ಬುದ್ಧಿ ಕೆಟ್ಟಿತು, ಚಕ್ರವರ್ತಿಗಳಿಗೆ ಹುಚ್ಚು ಹಿಡಿಯಿತು, ಕೊನೆಗೆ ಸಾಮ್ರಾಜ್ಯವೇ ಕುಸಿಯಿತು ಎಂಬುದು ಆ ಮಾತು. ಕೇಳಲು ಬಹಳ ಸೊಗಸಾಗಿದೆ, ಒಂದೇ ಉಸಿರಿನಲ್ಲಿ ಹೇಳಿ ಮುಗಿಸಬಹುದು. ರೋಮಿನ ಪತನಕ್ಕೆ ವಿದ್ವಾಂಸರು ಅಲ್ಲಿಯವರೆಗೆ ಕೊಟ್ಟಿದ್ದ ಕಾರಣಗಳನ್ನೆಲ್ಲ ಜರ್ಮನಿಯ ಇತಿಹಾಸಕಾರ ಅಲೆಕ್ಸಾಂಡರ್ ಡೆಮಾಂಟ್ 1984ರಲ್ಲಿ ಪಟ್ಟಿ ಮಾಡಿದಾಗ ಅವು 210 ಆದವು. ಅಷ್ಟರಲ್ಲಿ ಜನರ ನೆನಪಿನಲ್ಲಿ ಗಟ್ಟಿಯಾಗಿ ಉಳಿದವು ಬೆರಳೆಣಿಕೆಯಷ್ಟು. ಅವುಗಳಲ್ಲಿ ಸೀಸವೂ ಒಂದು. ವಿಜ್ಞಾನದ ಹೆಸರು ಅಂಟಿಕೊಂಡಿರುವುದರಿಂದ ಇದನ್ನು ಯಾರೂ ಸುಲಭವಾಗಿ ಪ್ರಶ್ನಿಸುವುದಿಲ್ಲ. ಆದರೆ ಇದನ್ನು ಪ್ರಶ್ನಿಸಬೇಕಾದುದೂ ವಿಜ್ಞಾನದ ಮೂಲಕವೇ, ಮತ್ತು ಆ ಕೆಲಸ ಈಗ ಬಹುಮಟ್ಟಿಗೆ ನಡೆದಿದೆ.

ಈ ವಾದಕ್ಕೆ ಆಧುನಿಕ ರೂಪ ಬಂದದ್ದು 1965ರಲ್ಲಿ, ಅಮೆರಿಕದ ಸಮಾಜಶಾಸ್ತ್ರಜ್ಞ ಗಿಲ್‌ಫಿಲನ್ ಬರೆದ ಲೇಖನದಿಂದ. ಸೀಸವು ರೋಮಿನ ಶ್ರೀಮಂತ ಮನೆತನಗಳ ಸಂತಾನಶಕ್ತಿಯನ್ನು ಕುಂದಿಸಿ, ಆಳುವ ವರ್ಗವನ್ನೇ ಅಳಿಸಿಹಾಕಿತು ಎಂದು ಅವರು ವಾದಿಸಿದರು. 1983ರಲ್ಲಿ ಕೆನಡಾದಲ್ಲಿದ್ದ ಪರಿಸರ ವಿಜ್ಞಾನಿ ಜೆರೋಮ್ ನ್ರಿಯಾಗು ಇದನ್ನು ಮುಂದುವರಿಸಿ, ಚಕ್ರವರ್ತಿಗಳ ಆಹಾರಾಭ್ಯಾಸವನ್ನೂ ವಿಚಿತ್ರ ನಡವಳಿಕೆಯನ್ನೂ ಸೀಸಕ್ಕೆ ಜೋಡಿಸಿದರು. ಮರುವರ್ಷವೇ ಪ್ರಾಚೀನ ವೈದ್ಯಶಾಸ್ತ್ರದ ಇತಿಹಾಸಕಾರ ಜಾನ್ ಸ್ಕಾರ್ಬರೋ ಆ ವಾದವನ್ನು ಕಟುವಾಗಿ ವಿಮರ್ಶಿಸಿ, ಮೂಲ ಲ್ಯಾಟಿನ್ ಪಠ್ಯಗಳು ಹೇಳದ್ದನ್ನು ಅವುಗಳ ಬಾಯಿಂದ ಹೇಳಿಸಲಾಗಿದೆ ಎಂದು ತೋರಿಸಿದರು. ವಿಮರ್ಶೆಯನ್ನು ಓದಿದವರು ಕೆಲವರು. ಮೂಲ ಕಥೆ ಮಾತ್ರ ಪತ್ರಿಕೆಗಳಿಂದ ಪಠ್ಯಪುಸ್ತಕಗಳವರೆಗೆ ಹರಿದುಹೋಯಿತು.

ಮೊದಲು ಕೊಳವೆಯನ್ನೇ ನೋಡೋಣ. ಕರಗಿಸಿದ ಸೀಸವನ್ನು ಸಮತಟ್ಟಾದ ಹಾಸಿನ ಮೇಲೆ ಹೊಯ್ದು ತಗಡು ಮಾಡಿ, ಅದನ್ನು ದುಂಡನೆಯ ದಿಮ್ಮಿಗೆ ಸುತ್ತಿ, ಅಂಚುಗಳನ್ನು ಕೂಡಿಸಿ ಬೆಸುಗೆ ಹಾಕಿದರೆ ರೋಮನ್ ಕೊಳವೆ ಸಿದ್ಧ. ಸೀಸ 327 ಡಿಗ್ರಿ ಸೆಲ್ಸಿಯಸ್‌ನಲ್ಲೇ ಕರಗುವುದರಿಂದ ಸೌದೆಯ ಒಲೆಯಿದ್ದರೂ ಸಾಕಿತ್ತು. ಅನೇಕ ಕೊಳವೆಗಳ ಮೇಲೆ ಚಕ್ರವರ್ತಿಯ, ಮನೆಯೊಡೆಯನ ಅಥವಾ ಕೊಳವೆ ಮಾಡಿದ ಕೆಲಸಗಾರನ ಹೆಸರು ಉಬ್ಬಕ್ಷರದಲ್ಲಿ ಇಂದಿಗೂ ಓದಲು ಸಿಗುತ್ತದೆ. ಆಗಸ್ಟಸ್ ಚಕ್ರವರ್ತಿಯ ಕಾಲದ ವಾಸ್ತುಶಿಲ್ಪಿ ವಿಟ್ರೂವಿಯಸ್ ಸೀಸದ ಕೊಳವೆಯ ನೀರಿಗಿಂತ ಮಣ್ಣಿನ ಕೊಳವೆಯ ನೀರೇ ಆರೋಗ್ಯಕ್ಕೆ ಒಳ್ಳೆಯದೆಂದು ಸ್ಪಷ್ಟವಾಗಿ ಬರೆದಿದ್ದಾನೆ. ಸೀಸದ ಕೆಲಸಗಾರರ ಮೈಬಣ್ಣ ಬಿಳಿಚಿಕೊಂಡಿರುವುದನ್ನು ಅವನು ಸಾಕ್ಷಿಯಾಗಿ ಕೊಡುತ್ತಾನೆ. ರೋಮನ್ನರಿಗೆ ಸೀಸದ ವಿಷಗುಣವೇ ತಿಳಿದಿರಲಿಲ್ಲ ಎಂಬ ಮಾತು ಇಲ್ಲಿಗೇ ಬಿದ್ದುಹೋಗುತ್ತದೆ.

ತಿಳಿದಿದ್ದರೂ ಬಳಸಿದರಲ್ಲ, ಹಾಗಾದರೆ ಎಷ್ಟು ಸೀಸ ನೀರಿಗೆ ಇಳಿಯಿತು? ಇದಕ್ಕೆ ಉತ್ತರ ನೀರಿನ ಗುಣದಲ್ಲಿದೆ. ನೀರಿನಲ್ಲಿ ಕರಗಿರುವ ಆಮ್ಲಜನಕವು ಸೀಸದ ಮೈಯನ್ನು ಆಕ್ಸೈಡ್ ಆಗಿಸುತ್ತದೆ, ಆ ಆಕ್ಸೈಡ್ ಸ್ವಲ್ಪ ಸ್ವಲ್ಪವೇ ನೀರಿಗೆ ಬಿಟ್ಟುಕೊಳ್ಳುತ್ತದೆ. ನೀರು ಮೆದುವಾಗಿದ್ದು ತುಸು ಆಮ್ಲೀಯವೂ ಆಗಿದ್ದರೆ ಈ ಕರಗುವಿಕೆ ನಿಲ್ಲುವುದೇ ಇಲ್ಲ. ನೀರು ಗಡಸಾಗಿದ್ದರೆ ನಡೆಯುವುದೇ ಬೇರೆ: ಅದರಲ್ಲಿರುವ ಬೈಕಾರ್ಬೊನೇಟ್ ಸೀಸದೊಂದಿಗೆ ಕೂಡಿ ಸುಲಭವಾಗಿ ಕರಗದ ಸೀಸದ ಕಾರ್ಬೊನೇಟ್ ಆಗುತ್ತದೆ, ಅದರ ಮೇಲೆ ಕ್ಯಾಲ್ಸಿಯಂ ಕಾರ್ಬೊನೇಟ್ ಪದರ ಪದರವಾಗಿ ಕೂರುತ್ತದೆ. ಬೋರ್‌ವೆಲ್ ನೀರು ಬಳಸುವ ಮನೆಗಳಲ್ಲಿ ಗೀಸರಿನ ಕಾಯಿಲ್ ಮೇಲೆ ಗಟ್ಟಿಯಾಗಿ ಕಟ್ಟಿಕೊಳ್ಳುವ ಬಿಳಿ ಸುಣ್ಣ ಇದೇ ವಸ್ತು. ಕಾಯಿಲ್‌ಗೆ ಅದು ಶತ್ರು, ಸೀಸದ ಕೊಳವೆಯ ನೀರು ಕುಡಿಯುವವರಿಗೆ ಮಿತ್ರ. ಏಕೆಂದರೆ ಪದರ ಬೆಳೆದಂತೆಲ್ಲ ನೀರಿಗೂ ಲೋಹಕ್ಕೂ ನಡುವೆ ಗೋಡೆ ಎದ್ದಂತಾಗುತ್ತದೆ. ರೋಮಿನ ಮೇಲ್ಗಾಲುವೆಗಳಲ್ಲಿ ಹಲವು ಸುಣ್ಣಕಲ್ಲಿನ ಬೆಟ್ಟಗಳ ನಡುವಿನ ಆನಿಯೊ ಕಣಿವೆಯಿಂದ ನೀರು ತರುತ್ತಿದ್ದವು. ಕ್ರಿ.ಶ. 97ರಲ್ಲಿ ನಗರದ ನೀರಿನ ಮೇಲ್ವಿಚಾರಕನಾಗಿ ನೇಮಕಗೊಂಡ ಫ್ರಾಂಟಿನಸ್, ಕಾಲುವೆಗಳಲ್ಲಿ ಕೆಸರು ಹೆಪ್ಪುಗಟ್ಟಿ ಕಲ್ಲಿನಂಥ ಪೊರೆಯಾಗಿ ನೀರಿನ ದಾರಿಯನ್ನೇ ಕಿರಿದುಗೊಳಿಸುತ್ತದೆಂದು ದೂರಿದ್ದಾನೆ. ಅವನಿಗೆ ಅದೊಂದು ಕಾಟವಾಗಿತ್ತು. ನಗರದ ಜನರಿಗೆ ಅದು ರಕ್ಷಣೆಯಾಗಿತ್ತು.

ಇದರ ಜೊತೆಗೆ ಹರಿವಿನ ಪ್ರಶ್ನೆಯೂ ಇದೆ. ಸೀಸ ನೀರಿಗೆ ಹೆಚ್ಚು ಇಳಿಯುವುದು ರಾತ್ರಿಯಿಡೀ ಕೊಳವೆಯಲ್ಲೇ ನಿಂತ ನೀರಿಗೆ. ರೋಮಿನ ಬೀದಿಬದಿಯ ತೊಟ್ಟಿಗಳಲ್ಲಿ ನೀರು ಹಗಲೂ ಇರುಳೂ ಬೀಳುತ್ತಲೇ ಇತ್ತು, ಹೆಚ್ಚಾದದ್ದು ಚರಂಡಿಯನ್ನು ತೊಳೆಯಲು ಹೋಗುತ್ತಿತ್ತು. ಮೈಲಿಗಟ್ಟಲೆ ದೂರದಿಂದ ನೀರು ಬರುತ್ತಿದ್ದುದು ಕಲ್ಲು ಗಾರೆಯ ಕಾಲುವೆಯಲ್ಲಿ, ಸೀಸದ ಕೊಳವೆ ಬರುತ್ತಿದ್ದುದು ನಗರದೊಳಗಿನ ಕೊನೆಯ ಹಂತಕ್ಕೆ ಮಾತ್ರ. ಪದರವಿಲ್ಲದೆ ಹೋದರೆ ಏನಾಗುತ್ತದೆಂದು ನಮ್ಮ ಕಾಲವೇ ತೋರಿಸಿಕೊಟ್ಟಿದೆ. 2014ರಲ್ಲಿ ಅಮೆರಿಕದ ಮಿಷಿಗನ್ ರಾಜ್ಯದ ಫ್ಲಿಂಟ್ ನಗರ ತನ್ನ ನೀರಿನ ಮೂಲವನ್ನು ಬದಲಿಸಿ, ಕೊಳವೆ ತುಕ್ಕು ಹಿಡಿಯದಂತೆ ಬೆರೆಸಬೇಕಾದ ರಾಸಾಯನಿಕವನ್ನು ಬೆರೆಸದೆ ಬಿಟ್ಟಾಗ, ಹಳೆಯ ಕೊಳವೆಗಳ ಒಳಪೊರೆ ಕಿತ್ತುಹೋಗಿ ಮನೆಮನೆಯ ನಲ್ಲಿಯಲ್ಲಿ ಸೀಸ ಬಂತು.

ತರ್ಕ ಸಾಲದು, ಅಳತೆ ಬೇಕು. 2014ರಲ್ಲಿ ಫ್ರಾನ್ಸಿನ ಯೂಗೋ ದೆಲೀಲ್ ಮತ್ತು ಸಂಗಡಿಗರು ರೋಮಿನ ಬಂದರಾದ ಪೋರ್ಟಸ್‌ನ ತಳದಿಂದ ಹೂಳನ್ನು ಮೇಲೆತ್ತಿ ಪರೀಕ್ಷಿಸಿದರು. ಸೀಸಕ್ಕೆ 204, 206, 207, 208 ತೂಕದ ನಾಲ್ಕು ಸ್ಥಿರ ಐಸೊಟೋಪುಗಳಿವೆ, ಅಂದರೆ ತೂಕದಲ್ಲಿ ಮಾತ್ರ ಬೇರೆಯಾದ ಪರಮಾಣು ರೂಪಗಳಿವೆ. ಅವುಗಳ ಪ್ರಮಾಣ ಗಣಿಯಿಂದ ಗಣಿಗೆ ಬದಲಾಗುವುದರಿಂದ ಬೆಟ್ಟದ ಬಂಡೆಯಿಂದ ಸಹಜವಾಗಿ ಬಂದ ಸೀಸವನ್ನೂ ಕೊಳವೆಯಿಂದ ಬಂದ ಪರದೇಶದ ಸೀಸವನ್ನೂ ಬೇರ್ಪಡಿಸಿ ಎಣಿಸಬಹುದು. ರೋಮಿನ ಕೊಳವೆ ನೀರಿನಲ್ಲಿ ಸುತ್ತಲಿನ ಚಿಲುಮೆಗಳ ನೀರಿಗಿಂತ ಸುಮಾರು ನೂರು ಪಟ್ಟು ಸೀಸ ಇದ್ದಿರಬೇಕೆಂದು ಅವರ ಲೆಕ್ಕ ಹೇಳಿತು. ಪತ್ರಿಕೆಗಳು ನೂರು ಪಟ್ಟನ್ನು ತಲೆಬರಹವಾಗಿಸಿದವು. ಚಿಲುಮೆಯ ನೀರಿನಲ್ಲಿದ್ದ ಸೀಸ ಅತ್ಯಲ್ಪವಾದ್ದರಿಂದ ನೂರು ಪಟ್ಟಾದರೂ ಅದು ನಿಜವಾಗಿ ಹಾನಿ ಮಾಡುವ ಮಟ್ಟವಾಗಿರಲಾರದು ಎಂದು ಅದೇ ಸಂಶೋಧಕರು ಅದೇ ಪ್ರಬಂಧದಲ್ಲಿ ಬರೆದಿದ್ದರು. ಪಟ್ಟು ಹೇಳಿ ಪ್ರಮಾಣ ಹೇಳದ ಬರವಣಿಗೆಯನ್ನು ಕಂಡರೆ ನನಗೆ ಸಹನೆ ಉಳಿಯುವುದಿಲ್ಲ.

ಕೊಳವೆಗಿಂತ ಅಡುಗೆಮನೆ ಹೆಚ್ಚು ಅಪಾಯದ ಜಾಗವಾಗಿತ್ತು. ದ್ರಾಕ್ಷಿ ರಸವನ್ನು ಕುದಿಸಿ ಇಂಗಿಸಿ ಮಾಡುತ್ತಿದ್ದ ಸಾಪಾ ಎಂಬ ಗಟ್ಟಿ ಪಾಕವನ್ನು ಮದ್ಯಕ್ಕೂ ತಿನಿಸಿಗೂ ಸಿಹಿಗಾಗಿ ಬೆರೆಸುತ್ತಿದ್ದರು. ತಾಮ್ರ ಬೆರೆತ ಪಾತ್ರೆಯಲ್ಲಿ ಕುದಿಸಿದರೆ ಕಿಲುಬು ಬಿಟ್ಟು ರುಚಿ ಕೆಡುತ್ತದೆ, ಆದ್ದರಿಂದ ಸೀಸದ ಪಾತ್ರೆಯೇ ಲೇಸು ಎಂದು ಕೃಷಿಯ ಬಗ್ಗೆ ಬರೆದ ಕೊಲುಮೆಲ್ಲಾ ಸಲಹೆ ಕೊಡುತ್ತಾನೆ. ಹುಳಿ ರಸ ಬಿಸಿಯಾಗಿ ಗಂಟೆಗಟ್ಟಲೆ ಸೀಸದ ಮೇಲೆ ನಿಂತರೆ ಸೀಸದ ಲವಣಗಳು ಹುಟ್ಟುತ್ತವೆ, ಅವುಗಳಲ್ಲಿ ಅಸಿಟೇಟಿನ ರುಚಿ ಸಿಹಿ. ಹಳೆಯ ವಿಧಾನವನ್ನು ಮತ್ತೆ ಮಾಡಿ ನೋಡಿದವರಿಗೆ ಲೀಟರಿಗೆ ನೂರಾರು ಮಿಲಿಗ್ರಾಂ ಸೀಸ ಸಿಕ್ಕಿದೆ. ಕುಡಿಯುವ ನೀರಿಗೆ ವಿಶ್ವ ಆರೋಗ್ಯ ಸಂಸ್ಥೆ ಸೂಚಿಸುವ ಮಿತಿ ಲೀಟರಿಗೆ 0.01 ಮಿಲಿಗ್ರಾಂ. ಇಂಥ ಪಾಕವನ್ನು ದಿನವೂ ಧಾರಾಳವಾಗಿ ಬಳಸಿದ ಮನೆಗಳಲ್ಲಿ ಜನ ಖಂಡಿತ ನರಳಿರಬೇಕು. ಆದರೆ ಒಂದು ಮನೆಯ ಊಟದಿಂದ ಇಡೀ ಸಾಮ್ರಾಜ್ಯದ ಪತನಕ್ಕೆ ಜಿಗಿಯುವಂತಿಲ್ಲ.

ರೋಮನ್ ಜಗತ್ತಿನಲ್ಲಿ ಸೀಸದ ನಿಜವಾದ ಮೂಲ ಬೆಳ್ಳಿ. ಬೆಳ್ಳಿ ಬಹುಪಾಲು ಸಿಗುತ್ತಿದ್ದುದು ಗಲೀನಾ ಎಂಬ ಸೀಸದ ಅದಿರಿನೊಳಗೆ, ಅತಿ ಸಣ್ಣ ಪ್ರಮಾಣದಲ್ಲಿ. ಅದಿರನ್ನು ಹುರಿದು ಕರಗಿಸಿ ಸೀಸ ತೆಗೆಯಬೇಕು, ಆ ಸೀಸವನ್ನು ಮತ್ತೆ ಕುಲುಮೆಯಲ್ಲಿ ಗಾಳಿಯೂದಿ ಆಕ್ಸೈಡ್ ಮಾಡಿ ಬೇರ್ಪಡಿಸಬೇಕು, ಆಗ ಕೆಳಗೆ ಬೆಳ್ಳಿಯ ಗುಂಡು ಉಳಿಯುತ್ತದೆ. ಒಂದು ಕಿಲೋ ಬೆಳ್ಳಿಗೆ ನೂರಾರು ಕಿಲೋ ಸೀಸವನ್ನು ಹೀಗೆ ದಾಟಿಸಬೇಕಾಗುತ್ತಿತ್ತು. ಸ್ಪೇನಿನ ರಿಯೊ ಟಿಂಟೊ ಮತ್ತು ಕಾರ್ತಹೇನಾ, ಬ್ರಿಟನ್ನಿನ ಮೆಂಡಿಪ್ ಬೆಟ್ಟಗಳು ಈ ಕೆಲಸದ ದೊಡ್ಡ ಕೇಂದ್ರಗಳು. ಬ್ರಿಟನ್ನಿನ ಮೇಲೆ ದಂಡೆತ್ತಿಹೋದದ್ದು ಕ್ರಿ.ಶ. 43ರಲ್ಲಿ, ಕ್ರಿ.ಶ. 49ರ ಮುದ್ರೆಯಿರುವ ಸೀಸದ ಗಟ್ಟಿ ಮೆಂಡಿಪ್‌ನಲ್ಲಿ ಆಗಲೇ ತಯಾರಾಗಿತ್ತು. ಕುಲುಮೆಗಳಿಂದೆದ್ದ ಸೀಸದ ಸೂಕ್ಷ್ಮ ಕಣಗಳು ಗಾಳಿಯಲ್ಲಿ ತೇಲಿಹೋಗಿ ಗ್ರೀನ್‌ಲ್ಯಾಂಡಿನಲ್ಲಿ ಹಿಮದೊಂದಿಗೆ ಬಿದ್ದವು, ವರ್ಷದ ಮೇಲೆ ವರ್ಷದ ಹಿಮ ಅವುಗಳನ್ನು ಮುಚ್ಚಿಟ್ಟಿತು.

ಅದನ್ನು ಅಳೆಯುವ ಕಲೆಯ ಹಿಂದೆ ಕ್ಲೇರ್ ಪ್ಯಾಟರ್ಸನ್ ಇದ್ದಾರೆ. ಉಲ್ಕಾಶಿಲೆಗಳ ಸೀಸದ ಐಸೊಟೋಪುಗಳಿಂದ ಭೂಮಿಯ ವಯಸ್ಸು 455 ಕೋಟಿ ವರ್ಷ ಎಂದು 1956ರಲ್ಲಿ ಕಂಡುಹಿಡಿದವರು ಇವರೇ. ಆ ಕೆಲಸದಲ್ಲಿ ಪ್ರಯೋಗಾಲಯದ ಧೂಳಿನಲ್ಲೇ ಇದ್ದ ಸೀಸ ಅಳತೆಯನ್ನು ಕೆಡಿಸುತ್ತಿರುವುದನ್ನು ಕಂಡು, ಅತಿ ಶುದ್ಧವಾದ ಪ್ರಯೋಗಾಲಯವನ್ನು ಕಟ್ಟಿದರು, ಮುಂದೆ ಪೆಟ್ರೋಲಿನಲ್ಲಿದ್ದ ಸೀಸದ ವಿರುದ್ಧ ವರ್ಷಗಟ್ಟಲೆ ಹೋರಾಡಿದರು. ಆ ದಾರಿಯಲ್ಲಿ ನಡೆದ ಫ್ರೆಂಚ್ ವಿಜ್ಞಾನಿಗಳು 1994ರಲ್ಲಿ ರೋಮನ್ ಕಾಲದ ಹಿಮದಲ್ಲಿ ಸಹಜ ಮಟ್ಟದ ಸುಮಾರು ನಾಲ್ಕು ಪಟ್ಟು ಸೀಸವನ್ನು ಗುರುತಿಸಿದರು. 2018ರಲ್ಲಿ ಅಮೆರಿಕದ ಜೋಸೆಫ್ ಮೆಕಾನಲ್ ತಂಡ ಕ್ರಿ.ಪೂ. 1100ರಿಂದ ಕ್ರಿ.ಶ. 800ರವರೆಗಿನ ಹಿಮವನ್ನು ಬಹಳ ಸೂಕ್ಷ್ಮವಾಗಿ ಓದಿತು. ಗಣರಾಜ್ಯದ ಕೊನೆಯ ಅಂತರ್ಯುದ್ಧಗಳಲ್ಲಿ ಸೀಸ ಇಳಿಯುತ್ತದೆ, ಆಗಸ್ಟಸ್ ತಂದ ಶಾಂತಿಯಲ್ಲಿ ಏರುತ್ತದೆ, ಕ್ರಿ.ಶ. 165ರಲ್ಲಿ ಆಂಟೊನೈನ್ ಮಹಾಮಾರಿ ಬಂದಾಗ ಕುಸಿದು, ಆಮೇಲೆ ಐದು ಶತಮಾನಗಳಿಗೂ ಹೆಚ್ಚು ಕಾಲ ಹಳೆಯ ಎತ್ತರಕ್ಕೆ ಏರುವುದೇ ಇಲ್ಲ.

ಪತನದ ಕಥೆಗೆ ಇದಕ್ಕಿಂತ ದೊಡ್ಡ ಪೆಟ್ಟು ಇನ್ನೊಂದಿಲ್ಲ. ಗಾಳಿಯಲ್ಲಿ ಸೀಸ ಅತ್ಯಂತ ಹೆಚ್ಚಿದ್ದಾಗ ಸಾಮ್ರಾಜ್ಯ ಅತ್ಯಂತ ಬಲಿಷ್ಠವಾಗಿತ್ತು. ಪಶ್ಚಿಮದ ಕೊನೆಯ ಚಕ್ರವರ್ತಿ ಕ್ರಿ.ಶ. 476ರಲ್ಲಿ ಪದಚ್ಯುತನಾಗುವ ಹೊತ್ತಿಗೆ ಅದು ಇಳಿದು ಮುನ್ನೂರು ವರ್ಷವಾಗಿತ್ತು. ಇದೇ ಕೊಳವೆ, ಇದೇ ಪಾತ್ರೆಗಳ ಸಂಸ್ಕೃತಿಯನ್ನು ಹಂಚಿಕೊಂಡಿದ್ದ ಪೂರ್ವದ ಅರ್ಧಭಾಗ ಕಾನ್‌ಸ್ಟಾಂಟಿನೋಪಲ್‌ನಿಂದ 1453ರವರೆಗೆ ಆಳಿತು. ಹಾಗೆಂದು ಸೀಸ ನಿರಪಾಯಕಾರಿಯೇನಲ್ಲ. 2025ರ ಆರಂಭದಲ್ಲಿ ಮೆಕಾನಲ್ ತಂಡವೇ ಹಿಮದ ದಾಖಲೆಯನ್ನೂ ವಾಯುಮಂಡಲದ ಮಾದರಿಯನ್ನೂ ಜೋಡಿಸಿ, ಸಾಮ್ರಾಜ್ಯದ ಉತ್ತುಂಗದ ಸುಮಾರು ಎರಡು ಶತಮಾನಗಳಲ್ಲಿ ಐದು ಲಕ್ಷ ಟನ್ನಿಗೂ ಹೆಚ್ಚು ಸೀಸ ಗಾಳಿಗೆ ಸೇರಿತೆಂದು, ಅದರಿಂದ ಸಾಮ್ರಾಜ್ಯದುದ್ದಕ್ಕೂ ಬುದ್ಧಿಮಾಪನ ಸರಾಸರಿ 2.5ರಿಂದ 3 ಅಂಕ ತಗ್ಗಿರಬಹುದೆಂದು ಅಂದಾಜಿಸಿತು. ಅಮೆರಿಕದಲ್ಲಿ 1970ರ ದಶಕದ ಕೊನೆಗೆ, ಪೆಟ್ರೋಲಿನಲ್ಲಿ ಸೀಸ ಇನ್ನೂ ಇದ್ದಾಗ, ಮಕ್ಕಳ ರಕ್ತದಲ್ಲಿ ಸರಾಸರಿ ಡೆಸಿಲೀಟರಿಗೆ ಸುಮಾರು 15 ಮೈಕ್ರೋಗ್ರಾಂ ಸೀಸವಿತ್ತು; ರೋಮನ್ ಗಾಳಿಯಿಂದ ಮಕ್ಕಳ ರಕ್ತಕ್ಕೆ ಸೇರಿದ್ದೆಂದು ಈ ತಂಡ ಲೆಕ್ಕ ಹಾಕಿದ್ದು ಅದರ ಐದರಲ್ಲೊಂದು ಭಾಗಕ್ಕಿಂತ ಕಡಿಮೆ. ಇಷ್ಟು ಸೀಸ ಮಕ್ಕಳಿಗೆ ಹಾನಿಯೇ ಸರಿ, ಆದರೆ ಅದರಿಂದ ಸಾಮ್ರಾಜ್ಯಗಳು ಉರುಳುವುದಿಲ್ಲ.

ಈ ಬೆಳ್ಳಿಯ ಒಂದು ಪಾಲು ಕರ್ನಾಟಕಕ್ಕೂ ಬಂದಿತ್ತು. ಬೆಂಗಳೂರಿನ ಯಶವಂತಪುರದಲ್ಲಿ 1891ರಲ್ಲಿ ಸಿಕ್ಕ ನಿಧಿಯಲ್ಲಿ, ಚಿತ್ರದುರ್ಗದ ಬಳಿಯ ಚಂದ್ರವಳ್ಳಿಯಲ್ಲಿ ದೊರೆತ ನಾಣ್ಯಗಳಲ್ಲಿ ಆಗಸ್ಟಸ್ ಮತ್ತು ಟೈಬೀರಿಯಸ್ ಕಾಲದ ಬೆಳ್ಳಿಯ ಡಿನೇರಿಯಸ್‌ಗಳಿವೆ. ಗ್ರೀನ್‌ಲ್ಯಾಂಡಿಗೆ ಸೀಸ ಕಳಿಸಿದ್ದೂ ಇದೇ ಕಾಲದ ಕುಲುಮೆಗಳು. ಅದೇ ಚಂದ್ರವಳ್ಳಿಯಲ್ಲಿ ಸಾತವಾಹನ ಕಾಲದ ಸ್ಥಳೀಯ ಅಧಿಪತಿಗಳ ಸೀಸದ ನಾಣ್ಯಗಳೂ ಸಿಕ್ಕಿವೆ. ಭಾರತದಲ್ಲಿ ಸೀಸವೇ ಇಲ್ಲ, ಮುತ್ತುರತ್ನಗಳನ್ನು ಕೊಟ್ಟು ಕೊಳ್ಳುತ್ತಾರೆ ಎಂದು ರೋಮನ್ ಲೇಖಕ ಪ್ಲಿನಿ ಬರೆದದ್ದು ಪೂರ್ಣ ನಿಜವಲ್ಲ, ರಾಜಸ್ಥಾನದಲ್ಲಿ ಪ್ರಾಚೀನ ಸೀಸದ ಗಣಿಗಳಿದ್ದವು. ಆದರೂ ಭರೂಚಿನಂಥ ಬಂದರುಗಳಿಗೆ ಸೀಸ ಆಮದಾಗುತ್ತಿದ್ದುದು ಆ ಕಾಲದ ಕಡಲ ವ್ಯಾಪಾರದ ಕೈಪಿಡಿಯಲ್ಲಿ ದಾಖಲಾಗಿದೆ.

ಚಕ್ರವರ್ತಿಗಳ ಹುಚ್ಚನ್ನು ಹುಡುಕುವ ಪುಸ್ತಕಗಳು ಸೀಸ ನಿಜವಾಗಿ ಯಾರನ್ನು ಕೊಂದಿತೋ ಅವರನ್ನು ಬಿಟ್ಟುಬಿಡುತ್ತವೆ. ಕಾರ್ತಹೇನಾದ ಬೆಳ್ಳಿ ಗಣಿಗಳಲ್ಲಿ 40,000 ಜನ ದುಡಿಯುತ್ತಿದ್ದರು, ದಿನಕ್ಕೆ 25,000 ದ್ರಾಖ್ಮಾ ರೋಮಿಗೆ ಸೇರುತ್ತಿತ್ತು ಎಂಬ ಗ್ರೀಕ್ ಇತಿಹಾಸಕಾರ ಪಾಲಿಬಿಯಸ್‌ನ ಲೆಕ್ಕವನ್ನು ಭೂಗೋಳಕಾರ ಸ್ಟ್ರಾಬೊ ಉಳಿಸಿಕೊಟ್ಟಿದ್ದಾನೆ. ಗಣಿಯ ಗುಲಾಮರಿಗೆ ಬದುಕಿಗಿಂತ ಸಾವೇ ಮೇಲೆನಿಸುತ್ತಿತ್ತೆಂದು ಇತಿಹಾಸಕಾರ ಡಿಯೊಡೋರಸ್ ಬರೆದಿದ್ದಾನೆ. ಸೀಸ ಕರಗಿಸುವಾಗ ಮೂಗು ಮುಚ್ಚಿಕೊಳ್ಳದಿದ್ದರೆ ಮಾರಕ ಆವಿ ಒಳಗೆ ಹೋಗುತ್ತದೆಂದು ಪ್ಲಿನಿ ಎಚ್ಚರಿಸುತ್ತಾನೆ. ಬೆಳ್ಳಿ ಕುಲುಮೆಯ ಹೊಗೆ ಭಾರವೂ ಪ್ರಾಣಘಾತಕವೂ ಆದದ್ದರಿಂದ ಅದು ಮೇಲಕ್ಕೆ ಹೋಗಲೆಂದು ಸ್ಪೇನಿನಲ್ಲಿ ಕುಲುಮೆಗಳನ್ನು ಎತ್ತರವಾಗಿ ಕಟ್ಟುತ್ತಾರೆ ಎನ್ನುತ್ತಾನೆ ಸ್ಟ್ರಾಬೊ. ಹಾಗೆ ಮೇಲೆ ಹೋದ ಹೊಗೆಯೇ ದೂರದ ಊರುಗಳಿಗೂ ಹಬ್ಬಿತು. ಬ್ರಿಟನ್ನಿನ ರೋಮನ್ ಕಾಲದ ಸಾಮಾನ್ಯ ಸ್ಮಶಾನಗಳ ಹಲ್ಲುಗಳನ್ನು ಪರೀಕ್ಷಿಸಿದಾಗ, ಬಾಲ್ಯದಲ್ಲಿ ಕಟ್ಟಿಕೊಂಡು ಆಮೇಲೆ ಹೆಚ್ಚು ಬದಲಾಗದ ಎನಾಮೆಲ್ ಪದರದಲ್ಲಿ, ಅವರಿಗಿಂತ ಹಿಂದಿನವರಲ್ಲಿ ಕಾಣದಷ್ಟು ಸೀಸ ಸಿಗುತ್ತದೆ. ಅದರ ಐಸೊಟೋಪುಗಳು ಅವರು ಹುಟ್ಟಿದ ನೆಲದ ಬಂಡೆಯನ್ನು ಬಿಟ್ಟು ಗಣಿಯ ಅದಿರಿನ ಕಡೆಗೆ ವಾಲಿವೆ.