ಮಾಡಿನ ಸಂದಿಯ ಲೋಟ: ಉತ್ತರ ಕನ್ನಡದ ಸಿದ್ದಿಗಳು ಒಳಗೆ ಬಂದ ದಾರಿ

ಶಿರಸಿ ಹತ್ತಿರದ ನಮ್ಮ ಮನೆಯ ಅಡಿಕೆ ಕೊಟ್ಟಿಗೆಯಲ್ಲಿ ಎರಡು ಲೋಟ ಇದ್ದವು. ಮಾಡಿನ ಸಂದಿಗೆ ಸಿಕ್ಕಿಸಿಟ್ಟ ಲೋಟಗಳು. ಕೊಯ್ಲಿನ ಹೊತ್ತಿಗೆ ಯಲ್ಲಾಪುರದ ಕಡೆಯಿಂದ ಸಿದ್ದಿ ಗಂಡ ಹೆಂಡತಿ ಕೆಲಸಕ್ಕೆ ಬರುತ್ತಿದ್ದರು. ಚಾ ಹೊತ್ತಿಗೆ ಆ ಲೋಟ ತೆಗೆದುಕೊಂಡು ಅಂಗಳದ ತುದಿಗೆ ಕೂರುತ್ತಿದ್ದರು. ಅಮ್ಮ ಮೇಲಿನಿಂದ ಹೊಯ್ಯುತ್ತಿದ್ದಳು. ಕುಡಿದಾದ ಮೇಲೆ ಅವರೇ ತೊಳೆದು ಮತ್ತೆ ಸಂದಿಗೆ ಸಿಕ್ಕಿಸುತ್ತಿದ್ದರು. ಹೀಗೇ ಮಾಡಿ ಎಂದು ಯಾರೂ ಬಾಯಿ ಬಿಟ್ಟು ಹೇಳಿದ್ದನ್ನು ನಾನು ಕೇಳಿಲ್ಲ. ಎಲ್ಲರಿಗೂ ಗೊತ್ತಿತ್ತು. ನನ್ನ ಅಪ್ಪನಿಗಿಂತ ದೊಡ್ಡ ವಯಸ್ಸಿನ ಆ ಮನುಷ್ಯ ಹತ್ತು ವರ್ಷದ ನನ್ನನ್ನು ‘ಸಣ್ಣ ಒಡೇರು’ ಎನ್ನುತ್ತಿದ್ದರು. ನಾನು ಅವರನ್ನು ಏಕವಚನದಲ್ಲಿ ಕರೆಯುತ್ತಿದ್ದೆ. ಇವತ್ತು ಇದನ್ನು ಬರೆಯುವಾಗ ನಾಚಿಕೆ ಆಗುತ್ತದೆ.

ಆಗ ನನಗೆ ಒಂದೇ ಕುತೂಹಲ. ಗುಂಗುರು ಕೂದಲಿನ ಈ ಜನ ನಮ್ಮ ಘಟ್ಟಕ್ಕೆ ಎಲ್ಲಿಂದ ಬಂದರು? ಆಫ್ರಿಕಾದಿಂದ ಎಂದು ಶಾಲೆಯಲ್ಲಿ ಹೇಳಿದರು. ಯಾಕೆ ಬಂದರು, ಯಾರು ತಂದರು ಎನ್ನುವುದನ್ನು ಹೇಳಲಿಲ್ಲ. ಜಾಗತೀಕರಣ ಅಂದರೆ 1991ರ ನಂತರದ ಕತೆ ಎಂದುಕೊಳ್ಳುತ್ತೇವೆ ಅಲ್ವಾ? ಹಳಿಯಾಳ, ಯಲ್ಲಾಪುರ, ಮುಂಡಗೋಡ, ಅಂಕೋಲೆಯ ಕಾಡಿನ ಅಂಚಿನ ಸಿದ್ದಿ ಕೇರಿಗಳು ಅದಕ್ಕಿಂತ ಎಷ್ಟೋ ಹಳೆಯ ಜಾಗತಿಕ ವ್ಯಾಪಾರದ ಗುರುತು. ಆ ವ್ಯಾಪಾರದ ಸರಕು ಮನುಷ್ಯರೇ ಆಗಿದ್ದರು.

1510ರಲ್ಲಿ ಪೋರ್ಚುಗೀಸರು ಗೋವಾ ಹಿಡಿದರು. ಆಫ್ರಿಕಾದ ಪೂರ್ವ ಕರಾವಳಿಯ ಮೊಜಾಂಬಿಕ್ ಕೂಡ ಅವರ ಕೈಯಲ್ಲಿತ್ತು. ಅಲ್ಲಿಂದ ಹಡಗುಗಳಲ್ಲಿ ಜನರನ್ನು ತುಂಬಿ ಗೋವಾಕ್ಕೆ ತಂದರು, ಮಾರಿದರು. ಮನೆಗೆಲಸ, ಪಲ್ಲಕ್ಕಿ ಹೊರುವುದು, ಹೊಲದ ಕೆಲಸ, ಎಲ್ಲದಕ್ಕೂ ಗುಲಾಮರು ಬೇಕಿತ್ತು. ಈ ವ್ಯಾಪಾರ 19ನೇ ಶತಮಾನದವರೆಗೂ ನಡೆಯಿತು. ತಪ್ಪಿಸಿಕೊಂಡವರು, ಬಿಡುಗಡೆ ಆದವರು ದಕ್ಷಿಣಕ್ಕೆ ನಡೆದರು. ಗೋವಾದ ಗಡಿ ದಾಟಿದರೆ ಕಾಳಿ ನದಿಯ ಕಾಡು. ಹುಡುಕಿಕೊಂಡು ಬರುವವರ ಕಣ್ಣಿಗೆ ಬೀಳದಷ್ಟು ದಟ್ಟ ಕಾಡು. ಸಿದ್ದಿಗಳಲ್ಲಿ ಹೆಚ್ಚಿನವರ ಹಿರಿಯರು ಹೀಗೆ ಬಂದವರು. ಅವರು ಕಾಡನ್ನು ಸುಮ್ನೆ ಆರಿಸಿಕೊಂಡದ್ದಲ್ಲ, ಬದುಕಲು ಬೇರೆ ಜಾಗ ಇರಲಿಲ್ಲ.

ಇದೇ ಮೂಲದ ಜನರಿಗೆ ದಖ್ಖನ್ನಿನಲ್ಲಿ ಬೇರೆಯೇ ಕತೆ ಇದೆ. ಇಥಿಯೋಪಿಯಾದಲ್ಲಿ ಹುಟ್ಟಿ, ಗುಲಾಮನಾಗಿ ಮಾರಾಟವಾಗಿದ್ದ ಮಲಿಕ್ ಅಂಬರ್ ಅಹಮದ್‌ನಗರದ ಆಡಳಿತವನ್ನೇ ಹಿಡಿದು ಮೊಘಲರನ್ನು ಎದುರಿಸಿದ. ಅವನು ತೀರಿಕೊಂಡದ್ದು 1626ರಲ್ಲಿ. ಬಿಜಾಪುರದ ಆದಿಲ್‌ಶಾಹಿ ದರಬಾರಿನಲ್ಲಿ ಸಿದ್ದಿ ಸರದಾರರು ದೊಡ್ಡ ಹುದ್ದೆಯಲ್ಲಿದ್ದರು. ಕೊಂಕಣದ ಜಂಜೀರಾದಲ್ಲಿ ಸಿದ್ದಿ ನವಾಬರು ಆಳಿದರು. ಅಂದರೆ ಬಣ್ಣ, ಕೂದಲು ಅಡ್ಡ ಬಂದದ್ದಲ್ಲ. ಕೈಯಲ್ಲಿ ಕತ್ತಿ ಇದ್ದವರು ಒಳಗಿನವರಾದರು. ಕೈಯಲ್ಲಿ ಏನೂ ಇಲ್ಲದೆ ಕಾಡಿಗೆ ಬಂದವರು ಹೊರಗಿನವರಾದರು.

ಕಾಡಿನಲ್ಲಿ ಏನೂ ಇಲ್ಲದೆ ಬದುಕುವುದು ಮೊದಮೊದಲು ಆಗುತ್ತಿತ್ತು. ಜೇನು, ಸೀಗೆ, ಮುರುಗಲು ಕೂಡಿಸಬಹುದಿತ್ತು. ಗುಡ್ಡದ ಒಂದು ತುಂಡು ಕಡಿದು ಸುಟ್ಟು ರಾಗಿ ಬಿತ್ತಬಹುದಿತ್ತು. ಇದಕ್ಕೆ ಕುಮರಿ ಎನ್ನುತ್ತಿದ್ದರು. ಬ್ರಿಟಿಷರಿಗೆ ಸಾಗುವಾನಿ ಬೇಕಿತ್ತು. 1862ರಲ್ಲಿ ನಮ್ಮ ಜಿಲ್ಲೆ ಮದ್ರಾಸಿನಿಂದ ಮುಂಬೈ ಪ್ರಾಂತ್ಯಕ್ಕೆ ಸೇರಿತು. ಆ ಕಾಲದಲ್ಲೇ ಕಾಡಿನ ಸುತ್ತ ಕಾನೂನಿನ ಬೇಲಿ ಎದ್ದಿತು. ಕುಮರಿಯನ್ನು ಬಿಗಿ ಮಾಡುತ್ತಾ ಬಂದು ಕೊನೆಗೆ ನಿಲ್ಲಿಸಿದರು.

ಇಲ್ಲಿ ನಮ್ಮಂಥ ತೋಟದ ಮನೆಯವರು ಒಪ್ಪಿಕೊಳ್ಳಬೇಕಾದ ಒಂದು ಮಾತಿದೆ. ಅದೇ ಸರ್ಕಾರ ಅಡಿಕೆ ತೋಟದವರಿಗೆ ಸೊಪ್ಪಿನ ಬೆಟ್ಟ ಬಿಟ್ಟುಕೊಟ್ಟಿತು. ಒಂದು ಎಕರೆ ತೋಟಕ್ಕೆ ಒಂಬತ್ತು ಎಕರೆಯವರೆಗೂ ಬೆಟ್ಟ. ತೋಟಕ್ಕೆ ಹಾಕುವ ಸೊಪ್ಪು, ದರಕು ಅಂದರೆ ಒಣಗಿದ ಎಲೆ ತರಲು ನಮಗೆ ಕಾಗದದ ಮೇಲೆ ಹಕ್ಕು ಸಿಕ್ಕಿತು. ನಮ್ಮ ಅಜ್ಜನಿಗೆ ತೋಟದ ದಾಖಲೆ ಇತ್ತು, ಹಾಗಾಗಿ ಕಾಡೂ ಸಿಕ್ಕಿತು. ಕಾಡಿನೊಳಗೇ ಇದ್ದ ಸಿದ್ದಿಗೆ ಯಾವ ದಾಖಲೆಯೂ ಇರಲಿಲ್ಲ, ಹಾಗಾಗಿ ಅವನು ಕಾಡು ಕದಿಯುವವನಾದ. ಆಮೇಲೆ ಅವನಿಗೆ ಉಳಿದ ದಾರಿ ಒಂದೇ. ನಮ್ಮ ಬೆಟ್ಟದ ಸೊಪ್ಪನ್ನೇ ಹೊತ್ತು ನಮ್ಮ ತೋಟಕ್ಕೆ ಹಾಕುವುದು. ಮದುವೆಗೋ ಕಾಯಿಲೆಗೋ ಒಡೆಯರ ಹತ್ತಿರ ಸಾಲ, ಆ ಸಾಲಕ್ಕೆ ದುಡಿತ. ಎಷ್ಟೋ ಕುಟುಂಬಗಳಲ್ಲಿ ಅದು ಅಪ್ಪನಿಂದ ಮಗನಿಗೆ ಇಳಿಯಿತು.

ಸ್ವಾತಂತ್ರ್ಯ ಬಂದ ಮೇಲೂ ಇದು ಬೇಗ ಬದಲಾಗಲಿಲ್ಲ. 1974ರಲ್ಲಿ ದೇವರಾಜ ಅರಸರ ಭೂಸುಧಾರಣೆ ಬಂತು. ಗೇಣಿ ಮಾಡುತ್ತಿದ್ದವರು ಭೂಮಿಯ ಒಡೆಯರಾದರು. ನಮ್ಮ ಕರಾವಳಿಯ ಬದುಕನ್ನೇ ಅದು ತಿರುಗಿಸಿತು. ಆದರೆ ಕೂಲಿ ಮಾಡಿದವರ ಹತ್ತಿರ ಗೇಣಿ ಚೀಟಿ ಎಲ್ಲಿಂದ ಬರಬೇಕು? ಮುಂದೆ 1978ರ ಏಪ್ರಿಲ್ 27ಕ್ಕೆ ಮೊದಲಿನ ಅರಣ್ಯ ಅತಿಕ್ರಮಣ ಸಕ್ರಮ ಮಾಡುತ್ತೇವೆ ಎಂದರು. ಅದಕ್ಕೂ ಪುರಾವೆ ಬೇಕು. ತಲೆಮಾರುಗಟ್ಟಲೆ ಕಾಡಿನಲ್ಲಿದ್ದವರಿಗೆ ಸರ್ಕಾರ ಇಟ್ಟ ಹೆಸರು ‘ಅತಿಕ್ರಮಣದಾರ’.

ಮುಂಡಗೋಡದ ಬಗ್ಗೆ ಹೇಳದೆ ಇರಲು ಆಗುವುದಿಲ್ಲ. 1966ರಲ್ಲಿ ಅಲ್ಲಿ ಟಿಬೆಟಿನ ನಿರಾಶ್ರಿತರಿಗೆ ಸುಮಾರು 4,000 ಎಕರೆ ಜಾಗ ಕೊಟ್ಟರು. ಮನೆ ಬಂತು, ಹೊಲ ಬಂತು, ದೊಡ್ಡ ಮಠಗಳು ಬಂದವು. ಊರು ಕಳೆದುಕೊಂಡು ಬಂದವರಿಗೆ ನಮ್ಮ ರಾಜ್ಯ ಜಾಗ ಕೊಟ್ಟದ್ದು ನನಗೆ ಹೆಮ್ಮೆ. ಅವರ ಮೇಲೆ ಯಾವ ಮುನಿಸೂ ಇಲ್ಲ. ಆದರೆ ಅದೇ ತಾಲೂಕಿನ ಸಿದ್ದಿಯೂ ಊರು ಕಳೆದುಕೊಂಡು ಬಂದವನೇ ಅಲ್ವಾ? ಸರ್ಕಾರ ಮನಸ್ಸು ಮಾಡಿದರೆ ಎಷ್ಟು ಮಾಡಬಹುದು ಎನ್ನುವುದು ಅವನ ಕಣ್ಣೆದುರೇ ಇತ್ತು.

1987ರ ಹೊತ್ತಿಗೆ ದೆಹಲಿಗೆ ಸಿದ್ದಿಗಳ ನೆನಪಾಯಿತು. ಒಲಿಂಪಿಕ್ಸ್‌ನಲ್ಲಿ ಭಾರತಕ್ಕೆ ಪದಕ ಬೇಕಿತ್ತು. ಆಗ ಮಾರ್ಗರೆಟ್ ಆಳ್ವಾ ಕ್ರೀಡಾ ಖಾತೆಯಲ್ಲಿದ್ದರು. ಭಾರತೀಯ ಕ್ರೀಡಾ ಪ್ರಾಧಿಕಾರ ವಿಶೇಷ ಪ್ರದೇಶ ಕ್ರೀಡಾ ಯೋಜನೆಯಲ್ಲಿ ಸಿದ್ದಿ ಮಕ್ಕಳನ್ನು ಆರಿಸಿತು. ಆಫ್ರಿಕಾ ಮೂಲದವರು, ಹಾಗಾಗಿ ಓಡುತ್ತಾರೆ, ಜಿಗಿಯುತ್ತಾರೆ ಎನ್ನುವುದು ಲೆಕ್ಕಾಚಾರ. ಕಾಡಿನ ಮಕ್ಕಳು ಮೊದಲ ಸಲ ಬೆಂಗಳೂರು, ದೆಹಲಿ ನೋಡಿದರು. ಶೂ ಹಾಕಿದರು, ಹೊಟ್ಟೆ ತುಂಬ ಊಟ ಮಾಡಿದರು, ರಾಷ್ಟ್ರಮಟ್ಟದಲ್ಲಿ ಗೆದ್ದರು. 1993ರಲ್ಲಿ ಯೋಜನೆ ನಿಂತಿತು. ಕೆಲವರಿಗೆ ಕೆಲಸ ಸಿಕ್ಕಿತು. ಉಳಿದವರು ಮೆಡಲ್ ಹಿಡಿದುಕೊಂಡು ಊರಿಗೆ ಬಂದು ಮತ್ತೆ ಕೂಲಿಗೆ ಹೋದರು. ನನಗೆ ಅತ್ಯಂತ ನೋವು ಕೊಡುವ ಭಾಗ ಇದು. ಅವರನ್ನು ಹೊರಗಿಡಲು ಯಾವ ಮೈಕಟ್ಟು ನೆಪವಾಗಿತ್ತೋ, ಒಳಗೆ ಕರೆಯಲೂ ಅದೇ ನೆಪವಾಯಿತು. ಪದಕ ಬೇಗ ಬರಲಿಲ್ಲ, ಬಾಗಿಲು ಹಾಕಿತು. ಆ ಮಕ್ಕಳಿಗೆ ಏನು ಓದಬೇಕು ಅನಿಸಿತ್ತು ಎಂದು ಯಾರು ಕೇಳಿದ್ದರು?

ಇಷ್ಟರಲ್ಲಿ ಸಿದ್ದಿಗಳು ತಾವೇ ಸಂಘಟನೆ ಕಟ್ಟಲು ಹೊರಟಿದ್ದರು. ಇದು ಹೇಳಿದಷ್ಟು ಸುಲಭ ಅಲ್ಲ. ಅವರಲ್ಲಿ ಹಿಂದೂಗಳಿದ್ದಾರೆ, ಕ್ರೈಸ್ತರಿದ್ದಾರೆ, ಮುಸ್ಲಿಮರಿದ್ದಾರೆ. ಒಬ್ಬರ ಮನೆಯಲ್ಲಿ ಕೊಂಕಣಿ, ಇನ್ನೊಬ್ಬರ ಮನೆಯಲ್ಲಿ ಉರ್ದು, ಪೇಟೆಯಲ್ಲಿ ಕನ್ನಡ. ಯಾವ ದೇವರಿಗೆ ಕೈ ಮುಗಿದರೂ ನಾವೆಲ್ಲ ಸಿದ್ದಿಗಳೇ ಎನ್ನುವ ಮಾತು ಗಟ್ಟಿಯಾಗುತ್ತಾ ಬಂತು. ಅವರು ಕೇಳಿದ್ದು ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿ ಜಾಗ. 2003ರಲ್ಲಿ ಅದು ಸಿಕ್ಕಿತು, ಉತ್ತರ ಕನ್ನಡ ಜಿಲ್ಲೆಯವರಿಗೆ ಮಾತ್ರ. ಗಡಿಯಾಚೆ ಖಾನಾಪುರ, ಕಲಘಟಗಿಯಲ್ಲಿದ್ದ ನೆಂಟರು ಪಟ್ಟಿಯ ಹೊರಗೇ ಉಳಿದರು. ಬೆಳಗಾವಿ ಮತ್ತು ಧಾರವಾಡದ ಸಿದ್ದಿಗಳು ಸೇರಿದ್ದು 2020ರಲ್ಲಿ. ಅಣ್ಣ ಎಸ್‌ಟಿ, ಜಿಲ್ಲೆ ದಾಟಿ ಮದುವೆಯಾದ ತಂಗಿಯ ಮಕ್ಕಳು ಅಲ್ಲ. ಹದಿನೇಳು ವರ್ಷ ಹೀಗೇ ನಡೆಯಿತು.

ಈ ಪಟ್ಟಿಗೆ ಸೇರುವುದು ಹೇಗೆ? 1965ರ ಲೋಕೂರ್ ಸಮಿತಿ ಹೇಳಿದ ಲಕ್ಷಣಗಳನ್ನೇ ಇವತ್ತಿಗೂ ನೋಡುತ್ತಾರೆ. ಆದಿಮ ಗುಣ, ಬೇರೆಯದೇ ಸಂಸ್ಕೃತಿ, ದೂರದ ಜಾಗದಲ್ಲಿ ವಾಸ, ಹೊರಗಿನವರ ಜೊತೆ ಬೆರೆಯಲು ಹಿಂಜರಿಕೆ, ಹಿಂದುಳಿದಿರುವಿಕೆ. ಈ ಐದನ್ನು ಇನ್ನೊಮ್ಮೆ ಓದಿ. ಒಳಗೆ ಬರಬೇಕು ಎನ್ನುವವರು ತಾವು ಬೆರೆಯದವರು ಎಂದು ತೋರಿಸಬೇಕು. ಬೆರೆಯಲು ಬಿಡದೆ ಅಂಗಳದ ತುದಿಯಲ್ಲಿ ಕೂರಿಸಿದ್ದು ನಾವು. ಕಡತದಲ್ಲಿ ಅದು ಅವರ ‘ಹಿಂಜರಿಕೆ’ ಆಗುತ್ತದೆ.

ಅಂಕೋಲೆಯ ಹಾಲಕ್ಕಿ ಒಕ್ಕಲಿಗರು ಸಿಕ್ಕಿಹಾಕಿಕೊಂಡಿರುವುದು ಇದೇ ಪಟ್ಟಿಯ ಬಾಗಿಲಲ್ಲಿ. ಅವರಲ್ಲಿ ಇಬ್ಬರು ಅಜ್ಜಿಯರಿಗೆ ದೇಶ ಪದ್ಮಶ್ರೀ ಕೊಟ್ಟಿತು. ಬಡಗೇರಿಯ ಸುಕ್ರಿ ಬೊಮ್ಮಗೌಡರಿಗೆ 2017ರಲ್ಲಿ, ಹಾಡುಗಳಿಗಾಗಿ. ಹೊನ್ನಳ್ಳಿಯ ತುಳಸಿ ಗೌಡರಿಗೆ ಗಿಡ ಬೆಳೆಸಿದ್ದಕ್ಕಾಗಿ. 2021ರ ನವೆಂಬರಿನಲ್ಲಿ ತುಳಸಜ್ಜಿ ಬರಿಗಾಲಲ್ಲೇ ರಾಷ್ಟ್ರಪತಿ ಭವನದಲ್ಲಿ ನಡೆದು ಹೋದ ಫೋಟೋ ಎಲ್ಲರ ಮೊಬೈಲಿನಲ್ಲೂ ಓಡಾಡಿತು. ಕೊರಳ ತುಂಬ ಮಣಿಸರ, ಅದೇ ಕಟ್ಟಿನ ಸೀರೆ. ಅವರು 2024ರ ಡಿಸೆಂಬರಿನಲ್ಲಿ ಹೋದರು, ಸುಕ್ರಜ್ಜಿ 2025ರ ಫೆಬ್ರವರಿಯಲ್ಲಿ. ಅವರು ಹೋಗುವ ಹೊತ್ತಿಗೂ ಹಾಲಕ್ಕಿಗಳಿಗೆ ಎಸ್‌ಟಿ ಸಿಕ್ಕಿರಲಿಲ್ಲ. ಕಡತ ಬೆಂಗಳೂರಿಗೂ ದೆಹಲಿಗೂ ಓಡಾಡುತ್ತಲೇ ಇತ್ತು.

ಪಟ್ಟಿಯಲ್ಲಿ ಹೆಸರಿದ್ದರೆ ಏನಾಗುತ್ತದೆ ಎನ್ನುವುದು 2006ರ ಅರಣ್ಯ ಹಕ್ಕು ಕಾಯ್ದೆ ಬಂದಾಗ ಗೊತ್ತಾಯಿತು. 2005ರ ಡಿಸೆಂಬರ್ 13ಕ್ಕೆ ಮೊದಲಿನಿಂದ ಕಾಡಿನ ಜಾಗದಲ್ಲಿದ್ದು ಸಾಗುವಳಿ ಮಾಡುವ ಬುಡಕಟ್ಟಿನವರು ಹಕ್ಕು ಕೇಳಬಹುದು. ಬೇರೆಯವರಾದರೆ ಮೂರು ತಲೆಮಾರು, ಅಂದರೆ 75 ವರ್ಷ, ಅಲ್ಲೇ ಇದ್ದದ್ದಕ್ಕೆ ಪುರಾವೆ ತರಬೇಕು. ನಮ್ಮ ಜಿಲ್ಲೆಯಲ್ಲಿ ಸಾವಿರಾರು ಅರ್ಜಿಗಳು ಬಿದ್ದುಹೋದದ್ದು ಹೆಚ್ಚಾಗಿ ಈ 75 ವರ್ಷದ ಕಟ್ಟಿನಲ್ಲಿ. 2019ರ ಫೆಬ್ರವರಿಯಲ್ಲಿ ಅರ್ಜಿ ತಿರಸ್ಕಾರವಾದವರನ್ನು ಒಕ್ಕಲೆಬ್ಬಿಸಿ ಎಂದು ಸುಪ್ರೀಂ ಕೋರ್ಟ್ ಹೇಳಿದಾಗ ಘಟ್ಟದ ಮೇಲೂ ಕೆಳಗೂ ಜನ ನಿದ್ದೆ ಮಾಡಲಿಲ್ಲ. ಎರಡು ವಾರದಲ್ಲಿ ಆ ಆದೇಶಕ್ಕೆ ತಡೆ ಬಂತು. ಒಂದೇ ಹಳ್ಳದ ಈಚೆ ದಡದ ಸಿದ್ದಿಗೂ ಆಚೆ ದಡದ ಹಾಲಕ್ಕಿಗೂ ಬೇರೆ ಬೇರೆ ನಿಯಮ. ಕಾಡು ಒಂದೇ, ಬಡತನ ಒಂದೇ.

ಈಗ ಸಿದ್ದಿ ಹುಡುಗರು ಹಾಸ್ಟೆಲಿನಲ್ಲಿ ಓದುತ್ತಾರೆ, ಗೋವಾ, ಬೆಂಗಳೂರಿಗೆ ದುಡಿಯಲು ಹೋಗುತ್ತಾರೆ. ಮೊದಲ ಪದವೀಧರ ಎಂದು ಹೆಸರಾದ ಶಾಂತಾರಾಮ ಸಿದ್ದಿ 2020ರಲ್ಲಿ ವಿಧಾನ ಪರಿಷತ್ತಿಗೆ ನಾಮನಿರ್ದೇಶನಗೊಂಡರು. ನೀನಾಸಂನಲ್ಲಿ ಕಲಿತ ಗಿರಿಜಾ ಸಿದ್ದಿ ರಂಗಭೂಮಿ, ಸಿನಿಮಾದಲ್ಲಿ ಹೆಸರು ಮಾಡಿದರು. ಇದೆಲ್ಲ ನೋಡಿದರೆ ಖುಷಿಯಾಗುತ್ತದೆ. ಆದರೆ ಬೆಂಗಳೂರಿನಲ್ಲಿ ಅವರಿಗೆ ಹೊಸ ಕಷ್ಟ. ಬಸ್ಸಿನಲ್ಲಿ ‘ಯಾವ ದೇಶ?’ ಎಂದು ಕೇಳುತ್ತಾರೆ. ಶುದ್ಧ ಕನ್ನಡದಲ್ಲಿ ‘ಯಲ್ಲಾಪುರ’ ಎಂದರೆ ನಂಬುವುದಿಲ್ಲ. 2016ರಲ್ಲಿ ಬೆಂಗಳೂರಿನ ಹೊರವಲಯದಲ್ಲಿ ಟಾಂಜಾನಿಯಾದ ವಿದ್ಯಾರ್ಥಿನಿಯ ಮೇಲೆ ಗುಂಪು ಹಲ್ಲೆ ಮಾಡಿತು. ಎಲ್ಲೋ ಯಾರೋ ಮಾಡಿದ ಅಪಘಾತಕ್ಕೆ, ಬರೀ ಬಣ್ಣ ನೋಡಿ. ಆಗ ನನಗೆ ಮೊದಲು ನೆನಪಾದದ್ದು ನಮ್ಮ ಕಡೆಯಿಂದ ಅಲ್ಲಿಗೆ ಹೋದ ಸಿದ್ದಿ ಹುಡುಗರು. ಜಗತ್ತಿನ ಕಂಪನಿಗಳೆಲ್ಲ ಬಂದು ಕೂತ ಊರು ಅದು. ಅಲ್ಲಿ ನಾಲ್ಕು ನೂರು ವರ್ಷದ ಕನ್ನಡನಾಡಿನವರು ವಿದೇಶಿಯರು.

ಜಗತ್ತು ಇನ್ನೊಂದು ದಾರಿಯಲ್ಲೂ ಅವರನ್ನು ಹುಡುಕಿಕೊಂಡು ಬಂದಿದೆ. ಸಿದ್ದಿ ಹೆಂಗಸರು ಹಳೆ ಸೀರೆ, ಅಂಗಿ ತುಂಡುಗಳಿಂದ ಕವಂದಿ ಹೊಲಿಯುತ್ತಾರೆ. ನಾವು ಕೌದಿ ಎನ್ನುತ್ತೇವೆ. ಅಂಚಿನಿಂದ ಶುರು ಮಾಡಿ ನಡುವಿಗೆ ಹೊಲಿಯುತ್ತಾ ಬರುತ್ತಾರೆ. ನಾಲ್ಕು ಮೂಲೆಗೆ ಬಟ್ಟೆ ಮಡಚಿದ ಪುಟ್ಟ ‘ಫೂಲ’ ಇಡದೆ ಕವಂದಿ ಮುಗಿಯುವುದಿಲ್ಲ. ಅಮೆರಿಕದ ಕಲಾ ಇತಿಹಾಸಕಾರ ಹೆನ್ರಿ ಡ್ರೂವಲ್ ಇದನ್ನು ಕಂಡು, ಹೆಂಗಸರ ಜೊತೆ ಸೇರಿ ಸಹಕಾರಿ ಗುಂಪು ಕಟ್ಟಿಸಿದರು. ಕವಂದಿಗಳು ಅಮೆರಿಕದ ಪ್ರದರ್ಶನಗಳಿಗೆ ಹೋದವು. ಮಳೆಗಾಲದಲ್ಲಿ ಮಗುವಿಗೆ ಹೊದಿಸಲು ಹೊಲಿದದ್ದನ್ನು ಅಲ್ಲಿ ಗೋಡೆಗೆ ತೂಗುಹಾಕಿ ನೋಡಿದರು. ಅದರಲ್ಲಿ ಹಣ ಬರುತ್ತದೆ, ಮರ್ಯಾದೆಯೂ ಬರುತ್ತದೆ. ನನಗೆ ಅದರ ಬಗ್ಗೆ ತಕರಾರಿಲ್ಲ. ತಕರಾರು ಇರುವುದು ರೆಸಾರ್ಟಿನಲ್ಲಿ ಪ್ರವಾಸಿಗರ ಮುಂದೆ ಡಮಾಮಿ ಕುಣಿತ ಮಾಡಿಸಿ, ಮುಖಕ್ಕೆ ಬಣ್ಣ, ಸೊಂಟಕ್ಕೆ ಎಲೆ ಕಟ್ಟಿಸುವುದರ ಬಗ್ಗೆ. ಎಲೆ ಉಟ್ಟ ಸಿದ್ದಿಯನ್ನು ನಾನು ಯಾವ ಕೇರಿಯಲ್ಲೂ ಕಂಡಿಲ್ಲ. ಡಮಾಮಿ ಅವರ ಮನೆಯ ಖುಷಿಯ ಕುಣಿತ. ಅದನ್ನು ಹೇಗೆ ಕುಣಿಯಬೇಕು ಎಂದು ಅವರೇ ಹೇಳಬೇಕು.

ಕಳೆದ ಮಳೆಗಾಲ ಮುಗಿದ ಮೇಲೆ, ಆ ಲೋಟದ ದಂಪತಿಯ ಮಗನ ಮನೆಗೆ ಹೋಗಿದ್ದೆ. ತಂದೆ ತಾಯಿ ಇಬ್ಬರೂ ಈಗಿಲ್ಲ. ಮಗ ನನ್ನನ್ನು ‘ಒಡೇರೇ’ ಎನ್ನಲಿಲ್ಲ, ‘ಅಣ್ಣ’ ಎಂದ. ಅವನ ಹೆಂಡತಿ ಚಾ ತಂದಳು. ಆಮೇಲೆ ಪ್ಲಾಸ್ಟಿಕ್ ಚೀಲದಿಂದ ಹಕ್ಕುಪತ್ರ ತೆಗೆದಳು. ಅರಣ್ಯ ಹಕ್ಕು ಕಾಯ್ದೆಯಲ್ಲಿ ಗಂಡ ಹೆಂಡತಿ ಇಬ್ಬರ ಹೆಸರೂ ಜಂಟಿಯಾಗಿ ಬರಬೇಕು. ಅವಳು ತನ್ನ ಹೆಸರಿನ ಮೇಲೆ ಬೆರಳಿಟ್ಟು ಓದಿ ತೋರಿಸಿದಳು. ಅವಳ ಅತ್ತೆಯ ಹೆಸರು ಯಾವ ಭೂಮಿಯ ಕಾಗದದಲ್ಲೂ ಬಂದಿರಲಿಲ್ಲ.

ಆಮೇಲೆ ನಕ್ಷೆ ಬಿಚ್ಚಿದಳು. ಸರ್ವೇ ಗೆರೆ ಹಿತ್ತಲಿನ ಹಲಸಿನ ಮರದ ಈಚೆಗೇ ನಿಂತಿದೆ. ಮಾವ ತೋಡಿದ ಬಾವಿ ಗೆರೆಯ ಆಚೆ ಉಳಿದಿದೆ.

‘ಅರವತ್ತು ದಿನದ ಒಳಗೆ ಮೇಲ್ಮನವಿ ಕೊಡಬೇಕಂತೆ ಅಣ್ಣ. ನಾನು ಬರೆದದ್ದು ಸರಿ ಇದೆಯಾ ನೋಡಿ’ ಎಂದಳು.

ಎರಡು ಹಾಳೆ ಬರೆದಿದ್ದಳು. ಒಂದು ಕಡೆ ದಿನಾಂಕ ಬಿಟ್ಟುಹೋಗಿತ್ತು. ಅಷ್ಟೇ ಸೇರಿಸಿದೆ.